ಹೀರೋ ಸುಮ್ನಿದ್ದ, ಫಕೀರ ಹಾಡ್ದ

ದೋಸ್ತ,

ಹಳೀ ಸಿನಿಮಾದಾಗ ಹಾಡಿದ ವಜೀರ್ ಮೊಹಮ್ಮದ್ ಖಾನನ ಬಗ್ಗಿ ಬರಿತೀನಿ ಅಂದ್ರ, ‘ಒಂದ್ ಹಾಡಿನ ಮನುಷ್ಯಾ ಅಂವ, ಅವನ ಬಗ್ಗಿ ಏನ್ ಬರಿತಿ’ ಅಂತ ಫೋನಿನ್ಯಾಗ ನಕ್ಕಿ. ಫೋನಿನ್ಯಾಗ ಜಗಳ ರುಚಿ ಹತ್ತಂಗಿಲ್ಲ, ಅದಕ್ಕ ಈ ಪತ್ರ.

1931ರ ಮಾರ್ಚ್ 14ಕ್ಕ ಬೊಂಬಾಯಿ ಮೆಜೆಸ್ಟಿಕ್ ಟಾಕೀಸಿನ್ಯಾಗ ‘ಆಲಂ ಆರಾ’ ಬಂತು, ದೇಶದ ಮೊದಲನೇ ಟಾಕಿ, ಅಂದ್ರ ಮಾತಾಡೂ ಚಿತ್ರ. ಹೀರೋ ಮಾಸ್ಟರ್ ವಿಠಲ್. ಮೂಕಿ ಚಿತ್ರದಾಗ ಕತ್ತಿ ತಿರುವಿ ಹೆಸರು ಮಾಡ್ದಾತ. ಮಾತು ಬಂದ ಮ್ಯಾಲ ಅವನ ಫಜೀತಿ ನೋಡು: ಉರ್ದು ನಾಲಿಗಿ ಮ್ಯಾಗ ಕೂಡವಲ್ದು. ನಿರ್ದೇಶಕ ಅರ್ದೇಶಿರ್ ಇರಾನಿ ಅವನ್ನ ಎಷ್ಟೋ ಸೀನಿನ್ಯಾಗ ಮಂಕು ಹಿಡ್ದಂಗ ಸುಮ್ನ ನಿಲ್ಲಿಸಿಬಿಟ್ಟ! ಹಾಡ್ದಾತ ಯಾರಪಾ ಅಂದ್ರ, ಫಕೀರನ ಸಣ್ಣ ಪಾತ್ರದ ನಮ್ಮ ಈ ವಜೀರ್ ಮೊಹಮ್ಮದ್ ಖಾನ್.

ಆಗ ಪ್ಲೇಬ್ಯಾಕ್ ಎಲ್ಲಿತ್ತು? ಕ್ಯಾಮೆರಾದ ಮುಂದ ನಿಂತೇ ಹಾಡಬೇಕು. ಹಾರ್ಮೋನಿಯಂ, ತಬಲಾದವರು ಕಾಣದಂಗ ಕುಂತಿರಬೇಕು, ಮೈಕು ಅಲ್ಲೇ ಎಲ್ಯಾರ ಮುಚ್ಚಿಡಬೇಕು. ಸ್ಟುಡಿಯೋ ಬಾಜೂಕೇ ರೈಲು ಹಳಿ, ಅದಕ್ಕ ರೈಲು ನಿಂತ ಮ್ಯಾಲ ನಡುರಾತ್ರಿ ಶೂಟಿಂಗ್. ದನಿ, ಚಿತ್ರ ಎರಡೂ ಒಂದೇ ಫಿಲ್ಮಿನ ಮ್ಯಾಗ ಕೂಡಿ ಬೀಳ್ತಿದ್ವು. ಯಾರರೆ ಕೆಮ್ಮಿದ್ರ ಮತ್ತ ಮೊದಲಿಂದ!

ಹಾಡಾದ್ರೂ ಎಂಥಾದ್ದು? ‘ಕೊಡೂ ತಾಕತ್ತಿದ್ರ ಖುದಾನ ಹೆಸರಿಲೆ ಕೊಡು’ ಅಂತಾನ, ಹಿಂದೇ ‘ತಗೊಳ್ಳೂ ಧೈರ್ಯ ಇದ್ರ ನನಗೇ ಬೇಡು’ ಅಂತಾನ. ಕಲಬುರಗಿ ಮಂದಿಗಿ ಇದನ್ನ ಬಿಡಿಸಿ ಹೇಳಬೇಕೇನು? ಬಂದೇನವಾಜರ ದರ್ಗಾದ ಉರುಸಿನ್ಯಾಗ ಫಕೀರರು ಬೇಡೂದು ನೋಡೀಯಲ್ಲ, ಕೈ ಚಾಚಿದ್ರೂ ತಲಿ ತಗ್ಗಸಂಗಿಲ್ಲ. ಆಗಂತೂ ನಮ್ಮೂರು ನಿಜಾಮನ ಕೈಯಾಗಿತ್ತು, ಕಚೇರಿ ಕಾರಭಾರ ಎಲ್ಲಾ ಉರ್ದು. ಆ ಹಾಡು ನಮ್ಮ ಮುತ್ಯಾಗೋಳ ಕಿವಿಗಿ ಬಿದ್ದಿದ್ರ ಅರ್ಥ ಕೇಳ್ತಿದ್ದಿಲ್ಲ ಬಿಡು.

ಈಗ ನಿನ್ನ ‘ಒಂದ್ ಹಾಡಿ’ನ ಮಾತಿಗಿ ಬರ್ತೀನಿ. ‘ಆಲಂ ಆರಾ’ನ 1956ರಾಗ ಮತ್ತ ಮಾಡಿದ್ರು, 1973ರಾಗ ಇನ್ನೊಮ್ಮಿ. ಎರಡರಾಗೂ ಫಕೀರ ಇದೇ ಖಾನ್! 42 ವರ್ಷದಾಗ ಹೀರೋಗಳು ಬದಲಾದ್ರು, ಫಕೀರಗ ಬದಲಿ ಸಿಗಲಿಲ್ಲ. ಸಣ್ಣ ಪಾತ್ರಾ ಅಂತ ನೀ ಅಂತಿ, ಖರೆ. ಆದ್ರ ಮೂರು ಸಲ ಕರ್ದು ಅದೇ ಪಾತ್ರ ಕೊಡಬೇಕಂದ್ರ ಆ ದನಿಯಾಗ ಏನೋ ಇರಬೇಕಲ್ಲ? ಮೊದಲನೇ ಚಿತ್ರದ ಪ್ರಿಂಟ್ ಒಂದೂ ಉಳಿದಿಲ್ಲ, ಅದೇ ಹೊಟ್ಟಿ ಉರಿ.

1973ರದ್ದು ಎಲ್ಲ್ಯಾರ ಸಿಕ್ರ ಕಳಸು. ನೋಡಿ ಮತ್ತ ಜಗಳಾಡೋಣು.

ನಿನ್ನ
ಕಲಬುರಗಿ ದೋಸ್ತ