ಕೂಲಿ ವಿವಾದವಿದ್ದಾಗ ಪೊಲೀಸರ ಹೊಣೆ ಏನು?

ಮಾನ್ಯ ಸಂಪಾದಕರೇ,

ಕಳೆದ ಅಡಿಕೆ ಕೊಯ್ಲಿನಲ್ಲಿ ನಮ್ಮ ಭಾಗದ ಖೇಣಿದಾರರೊಬ್ಬರ (ಬೆಳೆಗಾರರ ಹಸಿ ಅಡಿಕೆಯನ್ನು ಗುತ್ತಿಗೆಗೆ ಪಡೆದು ಸುಲಿಸಿ ಬೇಯಿಸುವವರ) ಕಣದಲ್ಲಿ ಸುಲಿಯುವ ಕೂಲಿಯ ಬಗ್ಗೆ ವಿವಾದವೆದ್ದು, ಕೆಲಸ ನಿಲ್ಲಿಸಿದವರು ಕಣಕ್ಕೆ ಹೋಗುವ ದಾರಿಗೆ ಅಡ್ಡಲಾಗಿ ಕುಳಿತರು. ಪಕ್ಕದ ಊರಿನಿಂದ ಸುಲಿಯಲು ಬಂದ ಹೆಂಗಸರನ್ನು ಗಾಡಿಯಿಂದ ಇಳಿಯಗೊಡಲಿಲ್ಲ. ಒಬ್ಬಾಕೆಯ ಅಡಿಕೆ ಸುಲಿಯುವ ಮೆಟ್ಟುಗತ್ತಿಯನ್ನು ಕಸಿದು ಬಸಿಗಾಲುವೆಗೆ ಎಸೆದರು. ಠಾಣೆಗೆ ಹೋದರೆ ‘ಇದು ಕಾರ್ಮಿಕ ಇಲಾಖೆಗೆ ಬರುವ ವಿಷಯ’ ಎಂದರು, ಕಾರ್ಮಿಕ ಇಲಾಖೆಯವರು ‘ದಾರಿ ತಡೆದಿದ್ದರೆ ಪೊಲೀಸರನ್ನು ಕೇಳಿ’ ಎಂದರು. ಎಳೆಯ ಹಸಿ ಅಡಿಕೆಯನ್ನು ಕೊಯ್ದ ದಿನವೇ, ತಪ್ಪಿದರೆ ಮರುದಿನ, ಸುಲಿದು ಬೇಯಿಸದಿದ್ದರೆ ರಾಶಿ ಇಡಿ ಎಂಬ ಕೆಂಪಡಿಕೆಗೆ ಬರಬೇಕಾದ ಬಣ್ಣ ಬರುವುದಿಲ್ಲ. ನನ್ನಂಥ ಸಣ್ಣ ಬೆಳೆಗಾರರು ತಂದಿಳಿಸಿದ್ದ ಅಡಿಕೆ ಗುಡ್ಡೆಯಲ್ಲೇ ಬಿಸಿಯೇರಿ ಹಾಳಾಯಿತು, ಸುಲಿಯಲು ಬಂದವರ ಅಂದಿನ ಕೂಲಿಯೂ ಹೋಯಿತು.

ಕೂಲಿ ಹೆಚ್ಚಿಸಿ ಎಂಬ ಬೇಡಿಕೆ ನ್ಯಾಯವಾದದ್ದೇ. ರಾತ್ರಿಯವರೆಗೂ ಮೆಟ್ಟುಗತ್ತಿಯ ಮುಂದೆ ಕುಳಿತು ಬೆರಳು ಕೊಯ್ದುಕೊಳ್ಳುವವರಿಗೆ ಕೆಲಸ ನಿಲ್ಲಿಸುವ ದಾರಿಯೊಂದು ಇರಲೇಬೇಕು. 1926ರ ಕಾರ್ಮಿಕ ಸಂಘಗಳ ಕಾಯ್ದೆಯ ಬದಲಿಗೆ 2025ರ ನವೆಂಬರ್‌ನಲ್ಲಿ ಜಾರಿಗೆ ಬಂದ ಕೈಗಾರಿಕಾ ಸಂಬಂಧಗಳ ಸಂಹಿತೆಯೂ ನೋಂದಾಯಿತ ಸಂಘದವರು ಒಟ್ಟಾಗಿ ಮುಷ್ಕರ ಹೂಡಿದ್ದನ್ನು ಅಪರಾಧದ ಒಳಸಂಚೆಂದು ಕರೆಯಲು ಬಿಡುವುದಿಲ್ಲ. ಆದರೆ ಅಪರಾಧ ಎಸಗಲೆಂದೇ ಮಾಡಿಕೊಂಡ ಒಪ್ಪಂದಕ್ಕೆ ಆ ರಕ್ಷಣೆ ಇಲ್ಲವೆಂದೂ ಅದೇ ಸಂಹಿತೆ ಹೇಳುತ್ತದೆ. ಹೋಗುವ ಹಕ್ಕಿರುವ ದಾರಿಯಲ್ಲಿ ವ್ಯಕ್ತಿಯೊಬ್ಬರನ್ನು ಅಡ್ಡಗಟ್ಟುವುದು ಭಾರತೀಯ ನ್ಯಾಯ ಸಂಹಿತೆಯ 126ನೇ ಕಲಮಿನಡಿ ಅಪರಾಧ, ಅದೂ ಪೊಲೀಸರು ನ್ಯಾಯಾಲಯದ ಅನುಮತಿಗೆ ಕಾಯದೆ ದಾಖಲಿಸಿಕೊಳ್ಳಬಹುದಾದ ಅಪರಾಧ. ಕೂಲಿಯ ದರ ಎಷ್ಟೆಂದು ತೀರ್ಮಾನಿಸುವುದು ಠಾಣೆಯ ಕೆಲಸವಲ್ಲ ನಿಜ, ದಾರಿ ಬಿಡಿಸುವುದು ಮಾತ್ರ ಠಾಣೆಯದೇ ಕೆಲಸ.

ಪೊಲೀಸ್ ರಕ್ಷಣೆ ಎಂದೊಡನೆ ದುಡಿಯುವವರಲ್ಲಿ ಹುಟ್ಟುವ ಭಯವನ್ನು ಹಗುರವಾಗಿ ಕಾಣಬಾರದು. 1951ರಲ್ಲಿ ನಮ್ಮದೇ ಶಿವಮೊಗ್ಗ ಜಿಲ್ಲೆಯ ಕಾಗೋಡಿನಲ್ಲಿ ಗೇಣಿದಾರರು ಸತ್ಯಾಗ್ರಹ ಹೂಡಿದಾಗ ಬಂಧನಕ್ಕೊಳಗಾದವರು ಉಳುವವರು ಮತ್ತು ಅವರ ಬೆಂಬಲಕ್ಕೆ ಬಂದ ಸಮಾಜವಾದಿ ನಾಯಕ ರಾಮಮನೋಹರ ಲೋಹಿಯಾ ಅವರಂಥವರು. ಆದ್ದರಿಂದ ನಾನು ಕೇಳುತ್ತಿರುವ ರಕ್ಷಣೆ ಲಾಠಿಯದ್ದಲ್ಲ. ಹೊಸ ಕೆಲಸಗಾರರನ್ನು ಪೊಲೀಸ್ ಜೀಪಿನಲ್ಲಿ ಕೂರಿಸಿ ಕಣಕ್ಕೆ ತಲುಪಿಸುವುದೂ ಬೇಡ. ನಿಷೇಧಾಜ್ಞೆ ಹೊರಡಿಸಿ ಶಾಂತವಾಗಿ ಕುಳಿತವರನ್ನೂ ಎಬ್ಬಿಸಿ ಕಳಿಸುವುದಂತೂ ಬೇಡವೇ ಬೇಡ. ಮುಷ್ಕರನಿರತರು ಕೂರುವ ಜಾಗ ಯಾವುದು, ಗಾಡಿ ಓಡಾಡುವ ದಾರಿ ಯಾವುದು ಎಂಬುದನ್ನು ಸಬ್ ಇನ್‌ಸ್ಪೆಕ್ಟರ್ ಮತ್ತು ಕಾರ್ಮಿಕ ನಿರೀಕ್ಷಕರು ಒಟ್ಟಿಗೆ ಸ್ಥಳಕ್ಕೆ ಬಂದು, ಎರಡೂ ಕಡೆಯವರ ಎದುರಿನಲ್ಲಿ ಬರಹದಲ್ಲಿ ತಿಳಿಸಲಿ. ಅದನ್ನು ಮೀರಿ ಕೈ ಮಾಡಿದವರ ಮೇಲೆ, ಅವರು ಖೇಣಿದಾರರ ಕಡೆಯವರೇ ಆಗಿದ್ದರೂ, ಪ್ರಕರಣ ದಾಖಲಾಗಲಿ.

ಕೇರಳದಲ್ಲಿ ಇಂಥ ಸಂದರ್ಭಗಳಲ್ಲಿ ಹೈಕೋರ್ಟ್‌ಗೆ ರಿಟ್ ಅರ್ಜಿ ಹಾಕಿ ಪೊಲೀಸ್ ರಕ್ಷಣೆ ಪಡೆಯುವುದು ರೂಢಿಯಲ್ಲಿದೆ. ಮುಟ್ಟದ ಹೊರೆಗೂ ಕೂಲಿ ಕೇಳುವ ‘ನೋಕ್ಕುಕೂಲಿ’ಯನ್ನು ಅಲ್ಲಿನ ಸರ್ಕಾರ 2018ರ ಮೇ 1ರಿಂದ ನಿಷೇಧಿಸಿತು. ಆದರೆ ತೀರ್ಥಹಳ್ಳಿಯ ಬೆಳೆಗಾರ ಬೆಂಗಳೂರಿಗೆ ಹೋಗಿ, ವಕೀಲರನ್ನು ಹಿಡಿದು, ಅರ್ಜಿ ವಿಚಾರಣೆಗೆ ಬರುವಷ್ಟರಲ್ಲಿ ಹಸಿ ಅಡಿಕೆ ಉಳಿದಿರುವುದಿಲ್ಲ. ಪರಿಹಾರ ತಾಲ್ಲೂಕು ಮಟ್ಟದಲ್ಲೇ, ಗಂಟೆಗಳ ಲೆಕ್ಕದಲ್ಲಿ ಸಿಗಬೇಕು.

ಈ ಸಲದ ಕೊಯ್ಲು ಶುರುವಾಗುವ ಮೊದಲೇ ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗಳು ಮತ್ತು ಕಾರ್ಮಿಕ ಅಧಿಕಾರಿಗಳು ಸೇರಿ ತೀರ್ಥಹಳ್ಳಿ, ಹೊಸನಗರ, ಸಾಗರ ತಾಲ್ಲೂಕುಗಳ ಎಲ್ಲ ಠಾಣೆಗಳಿಗೆ ಈ ಬಗ್ಗೆ ಲಿಖಿತ ಸೂಚನೆ ಕಳಿಸಬೇಕು. ಕೂಲಿ ವಿವಾದದ ದೂರು ಬಂದಾಗ ಸ್ಥಳಕ್ಕೆ ಬರಬೇಕಾದ ಅಧಿಕಾರಿ ಯಾರು, ಅವರ ದೂರವಾಣಿ ಸಂಖ್ಯೆ ಏನು ಎಂಬುದನ್ನು ಠಾಣೆಯ ಫಲಕದಲ್ಲಿ ಬರೆಸಬೇಕು ಎಂದು ವಿನಂತಿಸುತ್ತೇನೆ.

– ಒಬ್ಬ ಅಡಿಕೆ ಬೆಳೆಗಾರ, ತೀರ್ಥಹಳ್ಳಿ ತಾಲ್ಲೂಕು