ಕಾನೂನು ಕೇಳುವ ಮುನ್ನ ವರ್ಜೀನಿಯಾದ ಚರಿತ್ರೆಯನ್ನು ಓದಬೇಕು

ಮಾನ್ಯ ಸಂಪಾದಕರೇ,

ಬುದ್ಧಿಮಾಂದ್ಯರಿಗೂ ತೀವ್ರ ಮಾನಸಿಕ ಕಾಯಿಲೆಯುಳ್ಳವರಿಗೂ ಮಕ್ಕಳಾಗದಂತೆ ಸರ್ಕಾರವೇ ಶಸ್ತ್ರಚಿಕಿತ್ಸೆ ಮಾಡಿಸಬೇಕು, ಮುಂದುವರಿದ ದೇಶಗಳು ಇಂಥ ಕಾನೂನನ್ನು ಎಂದೋ ಮಾಡಿಕೊಂಡಿವೆ ಎಂದು ಓದುಗರೊಬ್ಬರು ಇತ್ತೀಚೆಗೆ ನಿಮ್ಮ ವಾಚಕರ ಅಂಕಣದಲ್ಲಿ ಬರೆದಿದ್ದರು. ಅವರ ಪತ್ರದಲ್ಲಿ ದ್ವೇಷವಿರಲಿಲ್ಲ; ಅಂಥ ಮಕ್ಕಳನ್ನು ಸಾಕುವ ತಂದೆತಾಯಿಗಳ ಬವಣೆಯ ಬಗ್ಗೆ ಕನಿಕರವೇ ಇತ್ತು. ಆದ್ದರಿಂದಲೇ ಅದಕ್ಕೆ ವಿವರವಾದ ಉತ್ತರ ಸಲ್ಲಬೇಕು. ಮುಂದುವರಿದ ದೇಶ ಅಂಥ ಕಾನೂನು ಮಾಡಿದ್ದು ನಿಜ. ಅಮೆರಿಕದ ಪೂರ್ವ ಕರಾವಳಿಯ ವರ್ಜೀನಿಯಾ ರಾಜ್ಯದಲ್ಲಿ ಅದು 1924ರಿಂದ 1974ರವರೆಗೆ ಜಾರಿಯಲ್ಲಿತ್ತು ಮತ್ತು ಸುಮಾರು 8,000 ಮಂದಿಯ ಸಂತಾನಶಕ್ತಿಯನ್ನು ಕಿತ್ತುಕೊಂಡಿತು. ಆ ಕಾನೂನನ್ನು ಎತ್ತಿಹಿಡಿದ ಅಮೆರಿಕದ ಸುಪ್ರೀಂ ಕೋರ್ಟ್ ತೀರ್ಪಿಗೆ 2027ರ ಮೇ 2ಕ್ಕೆ ನೂರು ವರ್ಷ ತುಂಬುತ್ತದೆ. ವಕೀಲಿ ವೃತ್ತಿಯಲ್ಲಿ ಬದುಕು ಸವೆಸಿದವನಾಗಿ ಆ ಪ್ರಕರಣದ ವಿವರಗಳನ್ನು ನಿಮ್ಮ ಓದುಗರ ಮುಂದಿಡುವುದು ನನ್ನ ಕರ್ತವ್ಯವೆಂದು ಭಾವಿಸಿದ್ದೇನೆ.

ವರ್ಜೀನಿಯಾದಲ್ಲಿ ಇದೆಲ್ಲ ಆರಂಭವಾದದ್ದು ಒಳ್ಳೆಯ ಉದ್ದೇಶದಿಂದ. ಚಿತ್ತಸ್ವಾಸ್ಥ್ಯ ಕಳೆದುಕೊಂಡವರನ್ನು ಕಳ್ಳಕಾಕರ ಜೊತೆ ಜೈಲಿನಲ್ಲಿಡುವುದು ತಪ್ಪು, ಅವರಿಗೆ ಬೇರೆ ಏರ್ಪಾಡು ಆಗಬೇಕು ಎಂದು 1766ರಲ್ಲಿ ಅಲ್ಲಿನ ಗವರ್ನರ್ ಫ್ರಾನ್ಸಿಸ್ ಫಾಕ್ವಿಯರ್ ಶಾಸನಸಭೆಯನ್ನು ಕೇಳಿಕೊಂಡರು. ಅದರ ಫಲವಾಗಿ 1773ರ ಅಕ್ಟೋಬರ್‌ನಲ್ಲಿ ವಿಲಿಯಮ್ಸ್‌ಬರ್ಗ್ ಪಟ್ಟಣದಲ್ಲಿ 24 ಕೋಣೆಗಳ ಆಸ್ಪತ್ರೆಯೊಂದು ತೆರೆಯಿತು. ಉತ್ತರ ಅಮೆರಿಕದ ಬ್ರಿಟಿಷ್ ವಸಾಹತುಗಳಲ್ಲಿ ಮಾನಸಿಕ ರೋಗಿಗಳಿಗೆಂದೇ ಕಟ್ಟಿದ ಮೊದಲ ಸಾರ್ವಜನಿಕ ಆಸ್ಪತ್ರೆ ಅದು. ಕಿಟಕಿಗೆ ಸರಳು, ಗೋಡೆಗೆ ಸರಪಳಿ ಇದ್ದ ಆ ಕಟ್ಟಡಕ್ಕೆ 1841ರಲ್ಲಿ ಮುಖ್ಯಸ್ಥರಾಗಿ ಬಂದ ಜಾನ್ ಗಾಲ್ಟ್ ಎಂಬ ತರುಣ ವೈದ್ಯರು ಬೆಲ್ಜಿಯಂನ ಗೀಲ್ ಎಂಬ ಊರಿನ ಉದಾಹರಣೆ ಕೊಟ್ಟು, ರೋಗಿಗಳಲ್ಲಿ ಅನೇಕರು ಊರಿನ ಸಂಸಾರಗಳ ನಡುವೆಯೇ ಬಾಳಬಲ್ಲರು ಎಂದು ವಾದಿಸಿದರು. ಉಳಿದ ಆಸ್ಪತ್ರೆಗಳ ಮುಖ್ಯಸ್ಥರು ಅವರ ಮಾತನ್ನು ತಳ್ಳಿಹಾಕಿದರು. ಆ ಮಾತಿಗೆ ಅಂದೇ ಬೆಲೆ ಸಿಕ್ಕಿದ್ದರೆ ಮುಂದಿನ ನೂರು ವರ್ಷಗಳ ಕಥೆ ಬೇರೆಯಾಗುತ್ತಿತ್ತು ಎಂದೇ ನಾನು ನಂಬುತ್ತೇನೆ.

ಆದರೆ ಅದು ಗುಲಾಮಗಿರಿಯ ನಾಡು. ಯಾರ ನಡವಳಿಕೆ ಸಹಜ, ಯಾರದು ಕಾಯಿಲೆ ಎಂಬುದನ್ನು ತೀರ್ಮಾನಿಸುತ್ತಿದ್ದವರು ಒಡೆಯರ ವರ್ಗಕ್ಕೆ ಸೇರಿದವರು. ದಕ್ಷಿಣದ ಇನ್ನೊಂದು ರಾಜ್ಯವಾದ ಲೂಯಿಸಿಯಾನಾದಲ್ಲಿ 1851ರಲ್ಲಿ ಸ್ಯಾಮ್ಯುಯೆಲ್ ಕಾರ್ಟ್‌ರೈಟ್ ಎಂಬ ವೈದ್ಯ, ಗುಲಾಮರು ಓಡಿಹೋಗುವುದಕ್ಕೆ ಕಾರಣ ಒಂದು ಮಾನಸಿಕ ರೋಗ ಎಂದು ವೈದ್ಯರ ಸಂಘದ ಮುಂದೆ ಪ್ರಬಂಧ ಓದಿ, ಆ ರೋಗಕ್ಕೊಂದು ಗ್ರೀಕ್ ಹೆಸರನ್ನೂ ಇಟ್ಟಿದ್ದ. ಅವನು ಸೂಚಿಸಿದ ಚಿಕಿತ್ಸೆಗಳಲ್ಲಿ ಚಾಟಿಯೇಟೂ ಒಂದು. ಗುಲಾಮಗಿರಿ ಕೊನೆಗೊಂಡ ಮೇಲೆ, ಬಿಡುಗಡೆಯೇ ಕಪ್ಪುಜನರ ತಲೆ ಕೆಡಿಸುತ್ತಿದೆ ಎಂಬ ವಾದ ದಕ್ಷಿಣದ ವೈದ್ಯರಲ್ಲಿ ದಶಕಗಳ ಕಾಲ ಚಲಾವಣೆಯಲ್ಲಿತ್ತು. ವರ್ಜೀನಿಯಾ ಕಪ್ಪುಜನರಿಗಾಗಿಯೇ 1870ರಲ್ಲಿ ಪ್ರತ್ಯೇಕ ಆಸ್ಪತ್ರೆ ತೆರೆದು, 1885ರಲ್ಲಿ ಅದನ್ನು ಪೀಟರ್ಸ್‌ಬರ್ಗ್‌ಗೆ ಸಾಗಿಸಿತು. ಆ ಬೇಲಿ ಬಿದ್ದದ್ದು 1960ರ ದಶಕದಲ್ಲಿ.

ಲಿಂಚ್‌ಬರ್ಗ್ ಬಳಿ 1910ರ ಸುಮಾರಿಗೆ ಮೂರ್ಛೆರೋಗಿಗಳಿಗೂ ಬುದ್ಧಿಮಾಂದ್ಯರಿಗೂ ಸರ್ಕಾರ ಕಾಲೊನಿ ಎಂಬ ಹೆಸರಿನ ಒಂದು ನಿಲಯ ಸ್ಥಾಪಿಸಿತು. ಅದರ ಮುಖ್ಯಸ್ಥ ಡಾಕ್ಟರ್ ಆಲ್ಬರ್ಟ್ ಪ್ರಿಡ್ಡಿ. ಅಲ್ಲಿಗೆ ಬಂದ ಹೆಂಗಸರಲ್ಲಿ ಅನೇಕರ ನಿಜವಾದ ದೋಷ ಬಡತನ, ಅನಕ್ಷರತೆ, ಅಥವಾ ಮದುವೆಯಿಲ್ಲದ ಬಸಿರು. 1916ರಲ್ಲಿ ಜಾರ್ಜ್ ಮ್ಯಾಲರಿ ಎಂಬ ಕೂಲಿಕಾರ ಮನೆಯಲ್ಲಿಲ್ಲದಾಗ ಪೊಲೀಸರು ಅವನ ಹೆಂಡತಿಮಕ್ಕಳನ್ನು ಹಿಡಿದೊಯ್ದರು. ಪ್ರಿಡ್ಡಿ ಆ ಹೆಂಡತಿಗೂ ಒಬ್ಬ ಮಗಳಿಗೂ ಸಂತಾನಹರಣ ಶಸ್ತ್ರಚಿಕಿತ್ಸೆ ಮಾಡಿದ. ಆಗ ಅದಕ್ಕೆ ಕಾನೂನಿನ ಬಲವೂ ಇರಲಿಲ್ಲ. ಮರುವರ್ಷ ಮ್ಯಾಲರಿ ವೈದ್ಯನಿಗೆ ಬರೆದ ಕಾಗದ ಉಳಿದುಬಂದಿದೆ. ಸಾಲು ಸಾಲಿಗೂ ಕಾಗುಣಿತ ತಪ್ಪಿರುವ ಆ ಕಾಗದದಲ್ಲಿ ಅವನು, ತಾನು ದುಡಿದು ತಿನ್ನುವವನು, ಸಂಸಾರ ಸಾಕಬಲ್ಲವನು, ತನ್ನನ್ನು ಕೇಳದೆ ಹೆಂಡತಿಯ ಮೈಮೇಲೆ ಕತ್ತಿಯಾಡಿಸುವ ಅಧಿಕಾರ ಯಾರು ಕೊಟ್ಟರು ಎಂದು ಕೇಳುತ್ತಾನೆ. ನಿಮ್ಮ ಹಾಗೆ ನಾನೂ ಮನುಷ್ಯನೇ ಎನ್ನುತ್ತಾನೆ. ಇನ್ನೊಮ್ಮೆ ಹೀಗೆ ಬರೆದರೆ ನಿನ್ನನ್ನೂ ಹಿಡಿದು ಇಲ್ಲಿಗೇ ತರಿಸುತ್ತೇನೆ ಎಂಬುದು ಪ್ರಿಡ್ಡಿ ಕೊಟ್ಟ ಉತ್ತರದ ತಾತ್ಪರ್ಯ. ಪ್ರಶ್ನೆ ಕೇಳಿದವನನ್ನೂ ರೋಗಿಗಳ ನಡುವೆ ತಳ್ಳುವ ಅಧಿಕಾರ ತನಗಿದೆ ಎಂದು ಆ ವೈದ್ಯನಿಗೆ ಗೊತ್ತಿತ್ತು. ಮ್ಯಾಲರಿ ಕುಟುಂಬ ಕೋರ್ಟಿಗೆ ಹೋಯಿತು. ಪರಿಹಾರ ಸಿಗಲಿಲ್ಲ, ಬಿಡುಗಡೆಯಾಯಿತು. ಪ್ರಿಡ್ಡಿ ಆ ಕಟಕಟೆಯಿಂದ ಕಲಿತ ಪಾಠವೆಂದರೆ, ಮುಂದೆ ಯಾರೂ ತನ್ನನ್ನು ಪ್ರಶ್ನಿಸದಂತೆ ಒಂದು ಕಾನೂನು ಬೇಕು ಎಂಬುದು.

ಆ ಕಾನೂನನ್ನು ಕಾಲೊನಿಯ ವಕೀಲ ಆಬ್ರಿ ಸ್ಟ್ರೋಡ್ ಬರೆದುಕೊಟ್ಟರು. ಅದು ಮಂಜೂರಾದದ್ದು 1924ರ ಮಾರ್ಚ್ 20ರಂದು. ಬಿಳಿಯರು ಬೇರೆ ವರ್ಣದವರನ್ನು ಮದುವೆಯಾಗುವುದನ್ನು ನಿಷೇಧಿಸಿದ ಕಾಯ್ದೆಗೂ ಅದೇ ದಿನ ಸಹಿ ಬಿತ್ತು. ಎರಡರ ಹಿಂದೆಯೂ ಇದ್ದದ್ದು ಯೂಜೆನಿಕ್ಸ್ ಎಂಬ, ಒಳ್ಳೆಯ ತಳಿಯ ಮನುಷ್ಯರನ್ನು ಬೆಳೆಸಿ ಕೆಟ್ಟ ತಳಿಯನ್ನು ನಿಲ್ಲಿಸಬಹುದೆಂದು ನಂಬಿಸಿದ ಹುಸಿ ವಿಜ್ಞಾನ. ಹಣದ ಲೆಕ್ಕವೂ ಇತ್ತು: ಹೆಂಗಸರನ್ನು ಬಸಿರಾಗುವ ವಯಸ್ಸು ಮುಗಿಯುವವರೆಗೆ ಕೂಡಿಹಾಕಿ ಸಾಕುವುದಕ್ಕಿಂತ, ಶಸ್ತ್ರಚಿಕಿತ್ಸೆ ಮಾಡಿ ಶ್ರೀಮಂತರ ಮನೆಗೆಲಸಕ್ಕೆ ಕಳಿಸುವುದು ಸರ್ಕಾರಕ್ಕೆ ಅಗ್ಗವಾಗಿತ್ತು.

ಕಾನೂನನ್ನು ಗಟ್ಟಿಮಾಡಿಕೊಳ್ಳಲು ಒಂದು ಮಾದರಿ ಪ್ರಕರಣ ಬೇಕಾಗಿತ್ತು. ಆಯ್ಕೆಯಾದವಳು ಶಾರ್ಲಟ್ಸ್‌ವಿಲ್‌ನ ಕ್ಯಾರಿ ಬಕ್. ತಾಯಿ ಎಮ್ಮಾ ಆಗಲೇ ಕಾಲೊನಿಯಲ್ಲಿದ್ದಳು. ಕ್ಯಾರಿ ಸಾಕುಮನೆಯಲ್ಲಿ ಬೆಳೆದು, ಆರನೆಯ ತರಗತಿಯವರೆಗೆ ಚೆನ್ನಾಗಿಯೇ ಓದಿ, ಆಮೇಲೆ ಆ ಮನೆಯ ಕೆಲಸಕ್ಕೆ ನಿಂತವಳು. ಹದಿನೇಳರ ವಯಸ್ಸಿನಲ್ಲಿ ಸಾಕುತಾಯಿಯ ಸಂಬಂಧಿಯೊಬ್ಬ ತನ್ನ ಮೇಲೆ ಅತ್ಯಾಚಾರ ಮಾಡಿದ ಎಂದು ಅವಳು ಕೊನೆಯವರೆಗೂ ಹೇಳಿದಳು. ಬಸಿರು ಕಾಣಿಸಿಕೊಂಡಾಗ ಮನೆಯವರು ಮರ್ಯಾದೆಗಂಜಿ, ಅವಳಿಗೆ ಬುದ್ಧಿಮಾಂದ್ಯವಿದೆ ಎಂದು ಅರ್ಜಿ ಹಾಕಿದರು. 1924ರ ಮಾರ್ಚ್‌ನಲ್ಲಿ ಹೆಣ್ಣುಮಗು ವಿವಿಯನ್ ಹುಟ್ಟಿತು. ಜೂನ್‌ನಲ್ಲಿ ಕ್ಯಾರಿಯನ್ನು ಕಾಲೊನಿಗೆ ಸೇರಿಸಲಾಯಿತು. ತಾಯಿ, ಮಗಳು, ಮೊಮ್ಮಗಳು ಮೂವರೂ ಮಂದಬುದ್ಧಿಯವರು ಎಂದು ತೋರಿಸಿಬಿಟ್ಟರೆ ಪ್ರಕರಣ ಗೆದ್ದಂತೆ.

ಆ ವರ್ಷದ ನವೆಂಬರ್‌ನಲ್ಲಿ ಆಮ್‌ಹರ್ಸ್ಟ್ ಕೌಂಟಿಯ ಕೋರ್ಟಿನಲ್ಲಿ ನಡೆದ ವಿಚಾರಣೆಯನ್ನು ಓದುವುದು ವಕೀಲನಾದವನಿಗೆ ಹಿಂಸೆ. ಏಳು ತಿಂಗಳ ಕೂಸಿನ ಬಗ್ಗೆ ಸಮಾಜ ಕಾರ್ಯಕರ್ತೆಯೊಬ್ಬರು ಹೇಳಿದ್ದಿಷ್ಟೇ: ಮಗುವಿನ ನೋಟದಲ್ಲಿ ಏನೋ ಸರಿಯಿಲ್ಲ, ಅದು ಏನೆಂದು ಮಾತ್ರ ಹೇಳಲಾರೆ. ಈ ಸಾಕ್ಷ್ಯದ ಮೇಲೆ ಮೂರನೆಯ ತಲೆಮಾರು ತೀರ್ಮಾನವಾಯಿತು. ಯೂಜೆನಿಕ್ಸ್ ಪರಿಣತ ಹ್ಯಾರಿ ಲಾಫ್ಲಿನ್ ಕ್ಯಾರಿಯ ಮುಖವನ್ನೇ ನೋಡದೆ, ಪ್ರಿಡ್ಡಿ ಕಳಿಸಿದ ಟಿಪ್ಪಣಿಗಳನ್ನು ಆಧರಿಸಿ ಲಿಖಿತ ಸಾಕ್ಷ್ಯ ಕೊಟ್ಟ. ಕ್ಯಾರಿಯ ಪರ ನಿಂತ ವಕೀಲ ಇರ್ವಿಂಗ್ ವೈಟ್‌ಹೆಡ್ ಒಬ್ಬನೇ ಒಬ್ಬ ಸಾಕ್ಷಿಯನ್ನೂ ಕರೆಸಲಿಲ್ಲ. ಅವಳ ಶಿಕ್ಷಕಿಯರನ್ನು ಕರೆಸಿದ್ದರೂ ಸಾಕಾಗಿತ್ತು. ವೈಟ್‌ಹೆಡ್ ಅದೇ ಕಾಲೊನಿಯ ಆಡಳಿತ ಮಂಡಳಿಯ ಮಾಜಿ ಸದಸ್ಯ. ಎದುರಾಳಿ ವಕೀಲ ಸ್ಟ್ರೋಡ್ ಅವರ ಬಾಲ್ಯದ ಗೆಳೆಯ. ಮೇಲ್ಮನವಿಗಳೆಲ್ಲವೂ ಕಾಲೊನಿಯ ಅನುಕೂಲಕ್ಕಾಗಿ ನಡೆದವೇ ಹೊರತು ಆ ಹುಡುಗಿಗಾಗಿ ಯಾರೂ ಹೋರಾಡಲಿಲ್ಲ. ನೋಟಿಸ್ ಇತ್ತು, ವಕೀಲರಿದ್ದರು, ಮೇಲ್ಮನವಿ ಇತ್ತು. ನ್ಯಾಯ ಮಾತ್ರ ಇರಲಿಲ್ಲ.

ಪ್ರಿಡ್ಡಿ ಈ ನಡುವೆ ತೀರಿಕೊಂಡಿದ್ದರಿಂದ, ಅವರ ಸ್ಥಾನಕ್ಕೆ ಬಂದ ಡಾಕ್ಟರ್ ಜಾನ್ ಬೆಲ್ ಹೆಸರಿನಲ್ಲಿ ಪ್ರಕರಣ ಸುಪ್ರೀಂ ಕೋರ್ಟ್ ತಲುಪಿತು. 1927ರ ಮೇ 2ರಂದು ಎಂಟಕ್ಕೆ ಒಂದರ ಬಹುಮತದಲ್ಲಿ ಕಾನೂನು ಸಿಂಧುವೆಂದು ತೀರ್ಪಾಯಿತು. ತೀರ್ಪು ಬರೆದವರು ಆಲಿವರ್ ವೆಂಡೆಲ್ ಹೋಮ್ಸ್; ನಮ್ಮ ದೇಶದ ಕಾನೂನು ವಿದ್ಯಾರ್ಥಿಗಳೂ ಗೌರವದಿಂದ ಓದುವ ನ್ಯಾಯಮೂರ್ತಿ. ಕಡ್ಡಾಯ ಲಸಿಕೆಯನ್ನು ಒಪ್ಪುವ ತತ್ವವೇ ಇದಕ್ಕೂ ಸಾಕು ಎಂದ ಅವರು, ಮಂದಬುದ್ಧಿಯವರ ಮೂರು ತಲೆಮಾರು ಸಾಕು ಎಂದು ಬರೆದರು. ಭಿನ್ನಮತ ತಾಳಿದ ಪಿಯರ್ಸ್ ಬಟ್ಲರ್ ತಮ್ಮ ಕಾರಣಗಳನ್ನು ಬರೆಯಲೇ ಇಲ್ಲ. ಅಕ್ಟೋಬರ್ 19ರಂದು ಕ್ಯಾರಿಯ ಮೇಲೆ ಶಸ್ತ್ರಚಿಕಿತ್ಸೆ ನಡೆಯಿತು.

ಮುಂದೆ ಆದದ್ದನ್ನೂ ಹೇಳಬೇಕು. ನೋಟ ಸರಿಯಿಲ್ಲವೆಂದು ಹೇಳಿಸಿಕೊಂಡ ವಿವಿಯನ್ ಶಾಲೆಗೆ ಸೇರಿ, 1931ರಲ್ಲಿ ಉತ್ತಮ ವಿದ್ಯಾರ್ಥಿಗಳ ಪಟ್ಟಿಯಲ್ಲಿ ಹೆಸರು ಪಡೆದಳು. ಮರುವರ್ಷ ಎಂಟರ ವಯಸ್ಸಿನಲ್ಲಿ ಕರುಳಿನ ಕಾಯಿಲೆಯಿಂದ ತೀರಿಕೊಂಡಳು. ಕ್ಯಾರಿ ಮದುವೆಯಾಗಿ, ದುಡಿದು, ಇಳಿವಯಸ್ಸಿನಲ್ಲೂ ದಿನಪತ್ರಿಕೆ ಓದುತ್ತ, ಪದಬಂಧ ಬಿಡಿಸುತ್ತ 1983ರವರೆಗೆ ಬದುಕಿದಳು. ಅವಳ ತಂಗಿ ಡೋರಿಸ್‌ಗೆ ಅಪೆಂಡಿಕ್ಸ್ ಆಪರೇಷನ್ ಎಂದು ಸುಳ್ಳು ಹೇಳಿ ಇದೇ ಶಸ್ತ್ರಚಿಕಿತ್ಸೆ ಮಾಡಿದ್ದರು. ಮಕ್ಕಳಿಗಾಗಿ ಗಂಡನೊಡನೆ ವರ್ಷಗಟ್ಟಲೆ ಹಂಬಲಿಸಿದ ಆಕೆಗೆ ನಿಜ ಗೊತ್ತಾದದ್ದು ಸುಮಾರು ಐವತ್ತು ವರ್ಷಗಳ ನಂತರ. 1933ರ ನಾಜಿ ಜರ್ಮನಿಯ ಸಂತಾನಹರಣ ಕಾಯ್ದೆಗೆ ಲಾಫ್ಲಿನ್‌ನ ಮಾದರಿ ಕಾನೂನಿನ ಕರಡು ಆಧಾರವಾಯಿತು. ನ್ಯೂರೆಂಬರ್ಗ್ ವಿಚಾರಣೆಯಲ್ಲಿ ನಾಜಿಗಳ ಪರ ವಾದಿಸಿದವರು ಹೋಮ್ಸ್ ಅವರ ತೀರ್ಪನ್ನೇ ಮುಂದೊಡ್ಡಿದರು. ವರ್ಜೀನಿಯಾದ ಗವರ್ನರ್ ಕ್ಷಮೆ ಕೇಳಿದ್ದು 2002ರಲ್ಲಿ, ಬದುಕುಳಿದವರಿಗೆ ತಲಾ 25,000 ಡಾಲರ್ ಪರಿಹಾರ ಮಂಜೂರಾದದ್ದು 2015ರಲ್ಲಿ. ಅಷ್ಟರಲ್ಲಿ ಬಹುಪಾಲು ಮಂದಿ ತೀರಿಹೋಗಿದ್ದರು.

ನಮ್ಮಲ್ಲಿ ಇಂಥದ್ದು ನಡೆಯದು ಎಂದು ಯಾರೂ ನಿಶ್ಚಿಂತರಾಗಿರಬೇಕಿಲ್ಲ. 1994ರಲ್ಲಿ ಮಹಾರಾಷ್ಟ್ರದ ಶಿರೂರಿನ ಸರ್ಕಾರಿ ನಿಲಯದಲ್ಲಿದ್ದ ಬುದ್ಧಿಮಾಂದ್ಯ ಹೆಣ್ಣುಮಕ್ಕಳ ಗರ್ಭಕೋಶವನ್ನು, ಮುಟ್ಟಿನ ದಿನಗಳಲ್ಲಿ ಅವರನ್ನು ನೋಡಿಕೊಳ್ಳುವುದು ಕಷ್ಟ ಎಂಬ ಕಾರಣ ಕೊಟ್ಟು ತೆಗೆಯಲಾಯಿತು. ಆದರೆ ನಮ್ಮ ಕಾನೂನು ಅಲ್ಲಿಂದ ಮುಂದೆ ನಡೆದಿದೆ. 2009ರಲ್ಲಿ ಚಂಡೀಗಢದ ಸರ್ಕಾರಿ ನಿಲಯದಲ್ಲಿ ಅತ್ಯಾಚಾರಕ್ಕೊಳಗಾಗಿ ಗರ್ಭಿಣಿಯಾಗಿದ್ದ, ಅಲ್ಪ ಪ್ರಮಾಣದ ಬುದ್ಧಿಮಾಂದ್ಯವಿದ್ದ ಯುವತಿ ಮಗು ಬೇಕೆಂದಾಗ, ಗರ್ಭಪಾತಕ್ಕೆ ಹೈಕೋರ್ಟ್ ಕೊಟ್ಟ ಆದೇಶವನ್ನು ನಮ್ಮ ಸುಪ್ರೀಂ ಕೋರ್ಟ್ ತಡೆಯಿತು. ಕ್ಯಾರಿಯ ಪ್ರಕರಣವನ್ನು ಓದಿದವರಿಗೆ ಈ ತೀರ್ಪಿನ ತೂಕ ತಿಳಿಯುತ್ತದೆ. ಅಂಗವಿಕಲ ವ್ಯಕ್ತಿಗಳ ಹಕ್ಕುಗಳ ಕಾಯ್ದೆ 2016ರ 10ನೇ ಸೆಕ್ಷನ್ ಪ್ರಕಾರ, ವ್ಯಕ್ತಿಯ ಮುಕ್ತ ಮತ್ತು ತಿಳಿವಳಿಕೆಯ ಸಮ್ಮತಿಯಿಲ್ಲದೆ ಬಂಜೆತನಕ್ಕೆ ಕಾರಣವಾಗುವ ಯಾವ ವೈದ್ಯಕೀಯ ಕ್ರಮವನ್ನೂ ಅವರ ಮೇಲೆ ನಡೆಸುವಂತಿಲ್ಲ. ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ 2017ರ 95ನೇ ಸೆಕ್ಷನ್, ಮಾನಸಿಕ ಕಾಯಿಲೆಗೆ ಚಿಕಿತ್ಸೆಯೆಂದು ಸಂತಾನಹರಣ ಮಾಡುವುದನ್ನೂ ರೋಗಿಗಳನ್ನು ಸರಪಳಿಯಲ್ಲಿ ಕಟ್ಟುವುದನ್ನೂ ನಿಷೇಧಿಸಿದೆ. ಪತ್ರ ಬರೆದ ಓದುಗರು ಕೇಳುವ ಕಾನೂನು ಬರಬೇಕಾದರೆ ಈ ಎರಡು ಕಾಯ್ದೆಗಳನ್ನೂ ಮುರಿಯಬೇಕಾಗುತ್ತದೆ.

ತಂದೆತಾಯಿಗಳ ಬವಣೆ ಸುಳ್ಳಲ್ಲ. ನಮ್ಮ ನಂತರ ಇವಳನ್ನು ನೋಡಿಕೊಳ್ಳುವವರು ಯಾರು ಎಂದು ಕಣ್ಣೀರು ಹಾಕಿದ ತಾಯಂದಿರನ್ನು ನನ್ನ ಕಚೇರಿಯಲ್ಲಿ ಕಂಡಿದ್ದೇನೆ. ಅವರು ಕೇಳಿದ್ದು ಹಗಲು ಆರೈಕೆ ಕೇಂದ್ರ, ಕೈಗೆಟುಕುವ ಔಷಧ, ತಿಂಗಳು ತಪ್ಪದ ಮಾಸಾಶನ, ತಮ್ಮ ಕಾಲಾನಂತರ ನಂಬಿಕಸ್ಥ ಪಾಲಕರು. ಶಸ್ತ್ರಚಿಕಿತ್ಸೆಯಿಂದ ಇವುಗಳಲ್ಲಿ ಒಂದೂ ದೊರೆಯುವುದಿಲ್ಲ. ದೌರ್ಜನ್ಯ ಎಸಗಿದವನ ಗುರುತು ಅಡಗುವುದಕ್ಕೆ ಮಾತ್ರ ದಾರಿಯಾಗುತ್ತದೆ. ಕ್ಯಾರಿಯ ವಿಷಯದಲ್ಲಿ ಆದದ್ದೂ ಅದೇ. ಅವಳ ಬುದ್ಧಿಯನ್ನು ಅಳೆದವರಲ್ಲಿ ಒಬ್ಬರೂ ಮಗುವಿನ ತಂದೆ ಯಾರು ಎಂದು ವಿಚಾರಿಸಲಿಲ್ಲ.

ಕೊನೆಯದಾಗಿ, ಸಂಪಾದಕರೇ, ತಮ್ಮಲ್ಲಿ ಒಂದು ವಿನಂತಿ. 2017ರ ಕಾಯ್ದೆಯಂತೆ, ತನ್ನ ಸಮ್ಮತಿಯಿಲ್ಲದೆ ಆಸ್ಪತ್ರೆಗೆ ಸೇರಿಸಲ್ಪಟ್ಟ ವ್ಯಕ್ತಿ ಹೆಂಗಸಾಗಿದ್ದರೆ ಮೂರು ದಿನದೊಳಗೆ, ವಯಸ್ಕ ಗಂಡಸಾಗಿದ್ದರೆ ಏಳು ದಿನದೊಳಗೆ ಮಾನಸಿಕ ಆರೋಗ್ಯ ಪುನರ್ವಿಮರ್ಶಾ ಮಂಡಳಿಗೆ ವರದಿ ಹೋಗಬೇಕು. ಆ ವ್ಯಕ್ತಿಗೆ ಉಚಿತ ಕಾನೂನು ನೆರವು ಸಿಗಬೇಕು. ಮಂಡಳಿಯಲ್ಲಿ ಸ್ವತಃ ಮಾನಸಿಕ ಕಾಯಿಲೆ ಅನುಭವಿಸಿದವರಿಗೆ ಅಥವಾ ಅವರ ಆರೈಕೆ ಮಾಡುವವರಿಗೆ, ಇಲ್ಲವೇ ಅವರ ಪರ ಕೆಲಸ ಮಾಡುವ ಸಂಸ್ಥೆಗಳ ಪ್ರತಿನಿಧಿಗಳಿಗೆ ಸ್ಥಾನವಿರಬೇಕು. ನಮ್ಮ ಪ್ರತಿ ಜಿಲ್ಲೆಯಲ್ಲಿ ಈ ಮಂಡಳಿ ಎಷ್ಟು ಸಲ ಸೇರಿದೆ, ಎಷ್ಟು ವರದಿಗಳನ್ನು ಪರಿಶೀಲಿಸಿದೆ, ಎಷ್ಟು ರೋಗಿಗಳಿಗೆ ಆಸ್ಪತ್ರೆಯ ಹಂಗಿಲ್ಲದ ಸ್ವತಂತ್ರ ವಕೀಲರು ದೊರೆತಿದ್ದಾರೆ ಎಂಬುದನ್ನು ತಮ್ಮ ಜಿಲ್ಲಾ ವರದಿಗಾರರು ಮಾಹಿತಿ ಹಕ್ಕಿನಡಿ ಕೇಳಿ ಪಡೆದು ಪ್ರಕಟಿಸಬೇಕೆಂದು ಕೋರುತ್ತೇನೆ.

ಇತಿ,
ನಿಮ್ಮ ಓದುಗ, ನಿವೃತ್ತ ವಕೀಲ
ಮಂಗಳೂರು