ಆ ಭಾವಚಿತ್ರದಲ್ಲಿರುವ ನಟಿ ಸುಸಾನ್ ಕೋರ್ಡಾ ಅಲ್ಲ

ಮಾನ್ಯ ಸಂಪಾದಕರೆ,

ಕಳೆದ ವಾರದ ಸಿನಿಮಾ ಪುರವಣಿಯಲ್ಲಿ ಯುರೋಪಿನ ಭಯಾನಕ ಚಿತ್ರಗಳನ್ನು ಕುರಿತು ಪ್ರಕಟವಾದ ಲೇಖನವನ್ನು ಆಸಕ್ತಿಯಿಂದ ಓದಿದೆ. ಆದರೆ ಅಲ್ಲಿನ ಭಾವಚಿತ್ರದ ಕೆಳಗೆ ‘ಜರ್ಮನಿಯ ನಟಿ ಸುಸಾನ್ ಕೋರ್ಡಾ’ ಎಂದು ಅಚ್ಚಾಗಿದೆ. ಅದು ತೆರೆಗೆಂದು ಇಟ್ಟುಕೊಂಡ ಹೆಸರು. ಭಾವಚಿತ್ರದಲ್ಲಿರುವವರು 1943ರಲ್ಲಿ ಸ್ಪೇನಿನ ಸೆವಿಲ್ಯಾದಲ್ಲಿ ಹುಟ್ಟಿದ ಸೋಲೆದಾದ್ ಮಿರಾಂದಾ.

ನೃತ್ಯದಿಂದ ಸಿನಿಮಾಕ್ಕೆ ಬಂದ ಈಕೆ 1960ರಿಂದ ಹತ್ತೇ ವರ್ಷಗಳಲ್ಲಿ ಹಲವಾರು ಚಿತ್ರಗಳಲ್ಲಿ, ಬಹುಪಾಲು ಸಣ್ಣಪುಟ್ಟ ಪಾತ್ರಗಳಲ್ಲಿ ಕಾಣಿಸಿಕೊಂಡರು. ಇವರು ನಟಿಸಿದ 1966ರ ಒಂದು ಸ್ಪ್ಯಾನಿಷ್ ಚಿತ್ರದಲ್ಲಿ ಗುಹೆಯಿಂದ ಎದ್ದುಬರುವ ಡೈನೋಸಾರ್ ಬಹುಮಟ್ಟಿಗೆ ಕಣ್ಣಿಗೇ ಬೀಳುವುದಿಲ್ಲ, ಅದರ ಕೂಗಷ್ಟೇ ಕೇಳಿಸುತ್ತದೆ. ಕೈಯಲ್ಲಿ ಕಾಸಿಲ್ಲದ ನಿರ್ಮಾಪಕರ ಜಾಣತನವೆಂದು ನಗಬಹುದಾದರೂ, ಖಾಲಿ ಜಾಗವನ್ನು ನೋಡಿ ಬೆಚ್ಚಿಬೀಳುವ ಕೆಲಸ ಮಾತ್ರ ಕಲಾವಿದರ ಪಾಲಿಗೇ ಬಂತು.

ಅವರನ್ನು ಇಂದಿಗೂ ಜನ ನೆನೆಯುವುದು ನಿರ್ದೇಶಕ ಜೆಸ್ ಫ್ರಾಂಕೊ ಜೊತೆ ಕೊನೆಯಲ್ಲಿ ಮಾಡಿದ ಕೆಲವು ಚಿತ್ರಗಳಿಗಾಗಿ. ಕ್ರಿಸ್ಟೋಫರ್ ಲೀ ನಟಿಸಿದ ಡ್ರಾಕುಲಾ ಚಿತ್ರದಲ್ಲಿ ಲೂಸಿಯ ಪಾತ್ರ ಇವರದು. ಆ ಚಿತ್ರೀಕರಣ ನಡೆಯುತ್ತಿದ್ದಾಗಲೇ ಪೆರೆ ಪೋರ್ತಬೆಯಾ ಎಂಬ, ಸ್ಪೇನಿನ ಕತಲೋನ್ಯಾ ಪ್ರದೇಶದ ನಿರ್ದೇಶಕರು ಅದೇ ಸೆಟ್ಟಿನಲ್ಲಿ, ಆ ಚಿತ್ರೀಕರಣವನ್ನೇ ತೋರಿಸುವ ತಮ್ಮ ಕಪ್ಪು-ಬಿಳುಪು ಚಿತ್ರವೊಂದನ್ನು ತೆಗೆದರು. ಬಸವನಹಳ್ಳಿಯ ನಮ್ಮ ಮನೆಯಲ್ಲಿ, ಆಷಾಢದ ಮಳೆಗೆ ಕರೆಂಟ್ ಹೋಗಿದ್ದ ಒಂದು ರಾತ್ರಿ, ಮಗಳ ಲ್ಯಾಪ್‌ಟಾಪಿನಲ್ಲಿ ಬ್ಯಾಟರಿ ಇರುವಷ್ಟು ಹೊತ್ತು ನಾನದನ್ನು ನೋಡಿದೆ. ಅದರಲ್ಲಿ ಮಾತು ಇಲ್ಲವೆನ್ನುವಷ್ಟು ಕಡಿಮೆ, ಹೀಗಾಗಿ ಹೆಂಚಿನ ಮೇಲಿನ ಮಳೆಯೇ ಹಿನ್ನೆಲೆ ಸಂಗೀತವಾಯಿತು. ಸೆಟ್ಟಿನ ಕೆಲಸಗಾರರು ಯಂತ್ರ ಹಿಡಿದು ನಕಲಿ ಜೇಡರ ಬಲೆಯನ್ನು ಊದಿ ಕಟ್ಟುವುದೂ ಅದರಲ್ಲಿ ಕಾಣುತ್ತದೆ. ಹೆದರಿಸಬೇಕಾದದ್ದೆಲ್ಲ ಹೀಗೆ ಬಯಲಾದ ಮೇಲೂ ಮಿರಾಂದಾ ಅವರ ಆ ದೊಡ್ಡ ಕಣ್ಣುಗಳು ತೆರೆಗೆ ಬಂದಾಗ ನನಗೆ ನಗು ಬರಲಿಲ್ಲ.

ಸರ್ವಾಧಿಕಾರಿ ಫ್ರಾಂಕೊ (ನಿರ್ದೇಶಕರಿಗೂ ಅವರಿಗೂ ಬಂಧುತ್ವವೇನಿಲ್ಲ) ಆಳುತ್ತಿದ್ದ ಸ್ಪೇನಿನಲ್ಲಿ ಸೆನ್ಸಾರ್ ಬಿಗಿಯಾಗಿತ್ತು. ಮೈ ಕಾಣುವ ದೃಶ್ಯಗಳಿದ್ದ ಚಿತ್ರಗಳಲ್ಲಿ ಮಿರಾಂದಾ ಮನೆತನದ ಮಾನಕ್ಕಾಗಿ ಬೇರೆ ಹೆಸರು ಹಾಕಿಸಿದರೆಂದು ಹೇಳುತ್ತಾರೆ. ಅವರ ಬಂಧು ಪಾಕಿತಾ ರಿಕೊ ಅಲ್ಲಿ ಹೆಸರಾಂತ ಗಾಯಕಿ, ನಟಿಯಾಗಿದ್ದರೆಂಬುದನ್ನೂ ಇಲ್ಲಿ ನೆನೆಯಬೇಕು. 1970ರ ಆಗಸ್ಟ್ 18ರಂದು, ಪೋರ್ಚುಗಲ್ಲಿನಲ್ಲಿ ನಡೆದ ಕಾರು ಅಪಘಾತದಿಂದ ಮಿರಾಂದಾ ತೀರಿಕೊಂಡರು. ಆಗ ಅವರಿಗೆ ಬರೀ 27 ವರ್ಷ. ಅವರು ಮುಖ್ಯ ಪಾತ್ರ ಮಾಡಿದ ಚಿತ್ರಗಳು ಜರ್ಮನಿಯಲ್ಲಿ ಬಿಡುಗಡೆಯಾದದ್ದು ಮರುವರ್ಷ, ಅವೂ ಪರರ ಕಂಠದಲ್ಲಿ, ಇಲ್ಲದ ಹೆಸರಿನಲ್ಲಿ. ಅವುಗಳಲ್ಲೊಂದರ ಸಂಗೀತ 1995ರಲ್ಲಿ ಸಿ.ಡಿ.ಯಾಗಿ ಬಂದು, ಎರಡು ವರ್ಷದ ನಂತರ ಅಮೆರಿಕದ ನಿರ್ದೇಶಕ ಟರಂಟಿನೊ ಅವರ ಚಿತ್ರದಲ್ಲೂ ಕೇಳಿಸಿತು.

ನಮ್ಮಲ್ಲಿ 1934ರ ‘ಸತಿ ಸುಲೋಚನ’ದ ಒಂದು ಪ್ರತಿಯೂ ಉಳಿದಿಲ್ಲ, ಆದರೂ ಅದರ ನಾಯಕಿ ತ್ರಿಪುರಾಂಬ ಎಂಬುದು ನಮಗೆ ಗೊತ್ತು. ಮಿರಾಂದಾ ಅವರದು ಇದಕ್ಕೆ ತದ್ವಿರುದ್ಧ: ಕೊನೆಯ ಆ ಚಿತ್ರಗಳು ಉಳಿದವು, ಹೆಸರು ಮಾತ್ರ ಅವುಗಳ ಟೈಟಲ್ ಕಾರ್ಡಿನಲ್ಲಿ ಇಲ್ಲ. ಐವತ್ತು ವರ್ಷಗಳ ಹಿಂದಿನ ಆ ಮರೆಮಾಚುವಿಕೆಗೆ ಕಾರಣವಿತ್ತು. ಇಂದು ಕನ್ನಡ ಪತ್ರಿಕೆಯೊಂದು ಅದನ್ನೇ ಮುಂದುವರಿಸಲು ಕಾರಣವೇನೂ ನನಗೆ ಕಾಣದು. ಆದ್ದರಿಂದ ಮುಂದಿನ ಪುರವಣಿಯಲ್ಲಿ ಅದೇ ಭಾವಚಿತ್ರವನ್ನು, ಸಾಧ್ಯವಾದರೆ ಅದೇ ಅಳತೆಯಲ್ಲಿ, ಸೋಲೆದಾದ್ ಮಿರಾಂದಾ ಎಂಬ ಹೆಸರಿನೊಂದಿಗೆ ಮತ್ತೊಮ್ಮೆ ಪ್ರಕಟಿಸಬೇಕೆಂದು ವಿನಂತಿಸುತ್ತೇನೆ.

ಇತಿ ತಮ್ಮ ವಿಶ್ವಾಸಿ,
ಹಳೆಯ ಓದುಗ,
ಬಸವನಹಳ್ಳಿ, ಚಿಕ್ಕಮಗಳೂರು